ಅಮ್ಮನ ಖಾತೆಯಿಂದ ಕಟ್ ಆದ ಓಟಿಟಿ ದುಡ್ಡು ವಾಪಸ್ ಬಂದಿದ್ದು

ಉಡುಪಿಯಲ್ಲಿರುವ ಅಮ್ಮನ ಖಾತೆಯಿಂದ ಒಂದು ಓಟಿಟಿಯ ವರ್ಷದ ಚಂದಾ ತನ್ನಷ್ಟಕ್ಕೇ ಕಟ್ ಆಗಿತ್ತು. ಯಕ್ಷಗಾನ ನೋಡೋಕೆ ಅವರಿಗೆ ಯೂಟ್ಯೂಬೇ ಸಾಕು, ಇದನ್ನು ತೆರೆದೂ ಇರಲಿಲ್ಲ. ಆ್ಯಪ್ ಡಿಲೀಟ್ ಮಾಡಿದರೆ ಚಂದಾ ನಿಲ್ಲುವುದಿಲ್ಲ. ಅಕೌಂಟ್ ಸೆಟ್ಟಿಂಗ್‌ಗೇ ಹೋಗಬೇಕು. ಅಲ್ಲಿ ‘ಹೋಗ್ಬೇಡಿ, ಅರ್ಧ ರೇಟಿಗೆ ಕೊಡ್ತೀವಿ’ ಅಂತ ಒಂದರ ಹಿಂದೆ ಒಂದು ಆಫರ್. ಕ್ಯಾನ್ಸಲ್ ಬಟನ್ ಮಾತ್ರ ಕೆಳಗೆ ಬೂದು ಬಣ್ಣದಲ್ಲಿ, ಕಣ್ಣಿಗೇ ಬೀಳದ ಹಾಗೆ. ಬೇಕಂತಲೇ ಮಾಡೋದು, ಅಲ್ವಾ?

ಆಮೇಲೆ ಯುಪಿಐ ಆ್ಯಪ್‌ನ ಆಟೋಪೇ ವಿಭಾಗದಲ್ಲಿ ಮ್ಯಾಂಡೇಟನ್ನೂ (ಹಣ ತಾನಾಗೇ ಕಟ್ ಆಗೋಕೆ ಕೊಟ್ಟ ಅನುಮತಿ) ರದ್ದು ಮಾಡಿದೆ. ಪಿನ್ ಕೇಳುತ್ತದೆ.

ರೀಫಂಡ್ ಕೇಳಿದ್ದಕ್ಕೆ ಚಾಟ್‌ನಲ್ಲಿ ‘ನಮ್ಮ ನಿಯಮದಲ್ಲಿ ಇಲ್ಲ’ ಅಂದರು. ಸುಮ್ನೆ ವಾದ ಮಾಡಲಿಲ್ಲ. ಚಾಟ್‌ನ ಸ್ಕ್ರೀನ್‌ಶಾಟ್, ಯುಟಿಆರ್ ನಂಬರ್ (ಆ ಪಾವತಿಯ ಗುರುತಿನ ಸಂಖ್ಯೆ) ಇಟ್ಟುಕೊಂಡು ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ ದೂರು ಕೊಟ್ಟೆ. ರಿನ್ಯೂ ಆದಮೇಲೆ ಒಂದು ಸಲವೂ ನೋಡಿಲ್ಲ ಅನ್ನೋದನ್ನೂ ಹೇಳಿದೆ. ಪೂರ್ತಿ ಹಣ ಅದೇ ಖಾತೆಗೆ ಬಂತು.