ಐದು ವರ್ಷದ ಮಗಳು, ಎರಡು ತಿಂಗಳ ಫೋಟೊ: ಬೆಂಗಳೂರಿನಲ್ಲಿದ್ದು ಅಮೆರಿಕದ ಪಾಸ್‌ಪೋರ್ಟ್ ಮಾಡಿಸಿದ ನನ್ನ ಅನುಭವ

2024ರ ಆಗಸ್ಟ್‌ನಲ್ಲಿ ಬೀರು ತೆಗೆದು ಏನೋ ರಸೀದಿ ಹುಡುಕುತ್ತಿದ್ದೆ. ಮಗಳ ಪಾಸ್‌ಪೋರ್ಟ್ ಕೈಗೆ ಸಿಕ್ಕಿತು. ಸುಮ್ನೆ ತೆರೆದು ನೋಡಿದರೆ ಡಿಸೆಂಬರಿಗೆ ಅವಧಿ ಮುಗಿಯುತ್ತದೆ. ಮುಂದಿನ ಬೇಸಿಗೆಗೆ ನ್ಯೂಜೆರ್ಸಿಯಲ್ಲಿರುವ ನಮ್ಮ ಅಕ್ಕನ ಮನೆಗೆ ಹೋಗೋಣ ಅಂತ ಆಗಲೇ ಮಾತಾಗಿತ್ತು. ಅಲ್ಲಿಗೆ ಶುರುವಾಯಿತು ನಮ್ಮ ಓಡಾಟ.

ಮಗಳು ಹುಟ್ಟಿದ್ದು 2019ರ ಅಕ್ಟೋಬರಿನಲ್ಲಿ, ನ್ಯೂಜೆರ್ಸಿಯಲ್ಲಿ. ಆ ನೆಲದಲ್ಲಿ ಹುಟ್ಟಿದ್ದರಿಂದ ಅವಳು ಅಮೆರಿಕದ ಪ್ರಜೆ. ನಮ್ಮಿಬ್ಬರದೂ ಭಾರತದ ಪಾಸ್‌ಪೋರ್ಟ್. 2021ರಲ್ಲಿ ವಾಪಸ್ ಬಂದೆವು. ಎರಡು ದೇಶದ ಪೌರತ್ವ ಇಟ್ಟುಕೊಳ್ಳಲು ನಮ್ಮಲ್ಲಿ ಅವಕಾಶ ಇಲ್ಲ, ಹಾಗಾಗಿ ಅವಳು ಇಲ್ಲಿ ಓಸಿಐ ಕಾರ್ಡ್ ಮೇಲೆ ಇದ್ದಾಳೆ, ಅಂದರೆ ಭಾರತ ಮೂಲದ ವಿದೇಶಿ ಪ್ರಜೆಗಳು ಇಲ್ಲಿ ಇರಲು ಕೊಡುವ ಕಾರ್ಡ್. ನಮಗೆ ಬೆಂಗಳೂರು ಊರು. ಅವಳ ಪಾಸ್‌ಪೋರ್ಟಿನ ಲೆಕ್ಕದಲ್ಲಿ ಮಾತ್ರ ಅಜ್ಜಿ ಮನೆಯಲ್ಲಿ ಕೂತಿರುವ ಮಗು ಪರದೇಶದಲ್ಲಿದೆ.

ನಾನು ಇದನ್ನು ರಿನ್ಯೂವಲ್ ಅಂದುಕೊಂಡಿದ್ದೆ. ಹಳೆಯದನ್ನು ಕೊರಿಯರ್ ಮಾಡಿ, ಫೀಸು ಕಟ್ಟಿ, ಹೊಸದು ಬರುವವರೆಗೆ ಕಾಯುವುದು, ಅಷ್ಟೇ ಅಲ್ವಾ? ಅಲ್ಲ. ದೊಡ್ಡವರಿಗೆ ಆ ಅನುಕೂಲ ಇದೆ, ಅದರ ಫಾರ್ಮ್ ಡಿಎಸ್-82. ಹದಿನಾರು ತುಂಬುವ ಮೊದಲು ಕೊಟ್ಟ ಪಾಸ್‌ಪೋರ್ಟಿಗೆ ಅದು ನಡೆಯುವುದಿಲ್ಲ. ಮಕ್ಕಳಿಗೆ ಪ್ರತಿ ಸಲವೂ ಡಿಎಸ್-11, ಅಂದರೆ ಹೊಸ ಅರ್ಜಿ. ಮಗು ಖುದ್ದಾಗಿ ಬರಬೇಕು, ಅಪ್ಪ ಅಮ್ಮ ಇಬ್ಬರೂ ಬರಬೇಕು. ಸಿಗುವ ಪಾಸ್‌ಪೋರ್ಟ್ ಐದೇ ವರ್ಷದ್ದು. ಇದು ಮೊದಲೇ ಗೊತ್ತಿದ್ದರೆ ಬೀರು ತೆಗೆಯಲು ಆಗಸ್ಟ್‌ವರೆಗೆ ಕಾಯುತ್ತಿರಲಿಲ್ಲ.

ಕರ್ನಾಟಕದವರು ಹೋಗಬೇಕಾದದ್ದು ಚೆನ್ನೈನ ಅಮೆರಿಕನ್ ಕಾನ್ಸುಲೇಟಿಗೆ. 2025ರ ಜನವರಿಯಲ್ಲಿ ಬೆಂಗಳೂರಿನಲ್ಲೂ ಒಂದು ಕಾನ್ಸುಲೇಟ್ ಉದ್ಘಾಟನೆ ಆದಾಗ ಮನೆಗೆ ಬಂದವರೆಲ್ಲ "ಛೆ, ಮೂರು ತಿಂಗಳು ಕಾದಿದ್ದರೆ ಇಲ್ಲೇ ಆಗುತ್ತಿತ್ತಲ್ಲ" ಅಂದರು. ಆಗುತ್ತಿರಲಿಲ್ಲ. ಬಾಗಿಲು ತೆರೆದ ತಕ್ಷಣ ವೀಸಾ, ಪಾಸ್‌ಪೋರ್ಟ್ ಕೆಲಸ ಅಲ್ಲಿ ಶುರುವಾಗಲಿಲ್ಲ.

ಅಪಾಯಿಂಟ್‌ಮೆಂಟ್ ತೆಗೆದುಕೊಳ್ಳುವಾಗ ನಾನು ಒಂದು ಸಂಜೆ ಪೂರ್ತಿ ವೀಸಾ ಪುಟದಲ್ಲೇ ಒದ್ದಾಡಿದೆ. ಅದು ನಮ್ಮಂಥವರಿಗೆ. ಮಗಳು ಅವರ ಪ್ರಜೆ, ಅವಳ ಕೆಲಸ ಅಮೆರಿಕನ್ ಸಿಟಿಜನ್ ಸರ್ವೀಸಸ್ ಅನ್ನುವ ವಿಭಾಗದಲ್ಲಿ. ಅಲ್ಲಿ ಅಪಾಯಿಂಟ್‌ಮೆಂಟಿಗೆ ದುಡ್ಡಿಲ್ಲ. ಅಕ್ಟೋಬರಿನ ಒಂದು ಬೆಳಗಿನ ಸ್ಲಾಟ್ ಸಿಕ್ಕಿತು. ನಮ್ಮನೆಯವರು ಮೊದಲು ರಜೆ ಇಲ್ಲ ಅಂದರು. ಅಪ್ಪ ಅಮ್ಮರಲ್ಲಿ ಒಬ್ಬರು ಬರಲಾಗದಿದ್ದರೆ ಡಿಎಸ್-3053 ಅನ್ನುವ ಒಪ್ಪಿಗೆ ಪತ್ರ ಇದೆ. ಅದಕ್ಕೆ ನೋಟರಿ ಆಗಬೇಕು, ಗುರುತಿನ ಚೀಟಿಯ ಎರಡೂ ಬದಿಯ ಪ್ರತಿ ಜೊತೆಗಿಡಬೇಕು, ಮೂರು ತಿಂಗಳೊಳಗೆ ಬಳಸಬೇಕು. ಇದನ್ನೆಲ್ಲ ಓದಿ ಹೇಳಿದ ಮೇಲೆ ಅವರೇ "ರಜೆ ಹಾಕೋದೇ ಸುಲಭ" ಅಂದರು.

ಫಾರ್ಮ್ ತುಂಬುವುದು ಕಷ್ಟವಲ್ಲ. ಆನ್‌ಲೈನ್‌ನಲ್ಲಿ ತುಂಬಿ ಪ್ರಿಂಟ್ ತೆಗೆಯಬೇಕು, ಹಾಳೆಯ ಒಂದೇ ಬದಿಗೆ. ಸಹಿ ಮಾತ್ರ ಅಲ್ಲಿ, ಅಧಿಕಾರಿಯ ಎದುರಿಗೇ ಹಾಕಬೇಕು. ನಾನು ಬ್ಯಾಂಕಿನ ಅಭ್ಯಾಸದಲ್ಲಿ ಪ್ರಿಂಟ್ ಬಂದ ಕೂಡಲೇ ಸಹಿ ಹಾಕಿಬಿಟ್ಟೆ. ಮತ್ತೆ ಪ್ರಿಂಟ್. ಮಗುವಿನ ಸೋಷಿಯಲ್ ಸೆಕ್ಯುರಿಟಿ ನಂಬರನ್ನೂ, ಅಂದರೆ ಅಮೆರಿಕ ಸರ್ಕಾರ ಕೊಡುವ ಗುರುತಿನ ಸಂಖ್ಯೆಯನ್ನೂ ಕೇಳುತ್ತಾರೆ. ಒಂಬತ್ತು ಅಂಕಿಯ ಆ ಸಣ್ಣ ಕಾಗದದ ಕಾರ್ಡನ್ನು ಐದು ವರ್ಷದ ಹಿಂದೆ "ಭದ್ರವಾಗಿ" ಇಟ್ಟಿದ್ದೆ. ಅದನ್ನು ಹುಡುಕಲು ಎರಡು ದಿನ ಹಿಡಿಯಿತು. ಸಿಕ್ಕಿದ್ದು ಲಸಿಕೆ ಪುಸ್ತಕದ ಪ್ಲಾಸ್ಟಿಕ್ ಕವರಿನೊಳಗೆ.

ನನ್ನ ನಿದ್ದೆಗೆಡಿಸಿದ್ದು ಹೆಸರು. ನನ್ನ ಹಳೆಯ ಪಾಸ್‌ಪೋರ್ಟಿನಲ್ಲಿ ಸರ್‌ನೇಮ್ ಜಾಗ ಖಾಲಿ ಇತ್ತು. ನಮ್ಮ ಕಡೆ ಎಷ್ಟೋ ಜನರದು ಹಾಗೇ, ಒಂದು ಹೆಸರು, ಹಿಂದೆ ಒಂದು ಇನಿಷಿಯಲ್. ಅಮೆರಿಕದ ವೀಸಾದಲ್ಲಿ ಸರ್‌ನೇಮ್ ಖಾಲಿ ಬಿಡುವುದಿಲ್ಲ. ಇದ್ದ ಒಂದು ಹೆಸರನ್ನು ಅಲ್ಲಿಗೆ ತಳ್ಳಿ, ಮೊದಲ ಹೆಸರಿನ ಜಾಗದಲ್ಲಿ ‘ಎಫ್‌ಎನ್‌ಯು’ ಅಂತ ಹಾಕುತ್ತಾರೆ. ಮೊದಲ ಹೆಸರು ಗೊತ್ತಿಲ್ಲ ಅಂತ ಅದರ ಅರ್ಥ. ಅದೇ ಡ್ರೈವಿಂಗ್ ಲೈಸೆನ್ಸಿಗೆ ಬಂತು, ಅಲ್ಲಿಂದ ಆಸ್ಪತ್ರೆಗೆ, ಆಸ್ಪತ್ರೆಯಿಂದ ಮಗಳ ಬರ್ತ್ ಸರ್ಟಿಫಿಕೇಟಿಗೆ. ಆ ಕಾಗದದ ಪ್ರಕಾರ ನನ್ನ ಮಗಳ ತಾಯಿಯ ಮೊದಲ ಹೆಸರು ಯಾರಿಗೂ ಗೊತ್ತಿಲ್ಲ! 2022ರಲ್ಲಿ ನನ್ನ ಪಾಸ್‌ಪೋರ್ಟ್ ಹೊಸದು ಮಾಡಿಸುವಾಗ ಇನಿಷಿಯಲ್ ಬಿಡಿಸಿ ಅಪ್ಪನ ಹೆಸರನ್ನು ಸರ್‌ನೇಮ್ ಮಾಡಿಸಿದ್ದೆ. ಈಗ ಬರ್ತ್ ಸರ್ಟಿಫಿಕೇಟಿನ ನಾನು, ಪಾಸ್‌ಪೋರ್ಟಿನ ನಾನು ಬೇರೆ ಬೇರೆ. ರದ್ದಾದ ಹಳೆಯ ಪಾಸ್‌ಪೋರ್ಟ್, ಮದುವೆ ಸರ್ಟಿಫಿಕೇಟ್ ಎರಡನ್ನೂ ಫೈಲಿಗೆ ಸೇರಿಸಿದೆ. ನಿಮ್ಮ ಹೆಸರಿಗೂ ಇಂಥ ಕಥೆ ಇದ್ದರೆ ಹಳೆಯ ಪಾಸ್‌ಪೋರ್ಟ್ ಎಸೆಯಬೇಡಿ.

ಫೋಟೊ ಎರಡು ಸಲ ತೆಗೆಸಿದೆವು. ಅಳತೆ ಎರಡು ಇಂಚಿಗೆ ಎರಡು ಇಂಚು, ಹಿಂದೆ ಬಿಳಿ. ನಮ್ಮ ಪಾಸ್‌ಪೋರ್ಟ್ ಸೈಜ್ ಅದಲ್ಲ, ಅಂಗಡಿಯಲ್ಲಿ ‘ಅಮೆರಿಕ ವೀಸಾ ಸೈಜ್’ ಅಂದರೆ ತಿಳಿಯುತ್ತದೆ. ಮೊದಲನೇ ಸಲ ಹೊರಡುವಾಗ ನಮ್ಮತ್ತೆ ಮಗಳ ಕೆನ್ನೆಗೆ ದೃಷ್ಟಿಬೊಟ್ಟು ಇಟ್ಟು ಕಳಿಸಿದ್ದರು. ಅಂಗಡಿ ಬಾಗಿಲಲ್ಲಿ ಒರೆಸಿದೆ. ಒರೆಸಿದ ಕಡೆ ಕಪ್ಪು ಹರಡಿತು. ಫೋಟೊ ತೆಗೆದ ಹುಡುಗ "ಬಿಡಿ ಮೇಡಂ, ಕಂಪ್ಯೂಟರಲ್ಲಿ ಕ್ಲೀನ್ ಮಾಡ್ತೀನಿ" ಅಂದ. ಮಾಡಿದ. ಆ ಕಪ್ಪಿನ ಜೊತೆಗೆ ಗಲ್ಲದ ಮೇಲಿದ್ದ ಸಣ್ಣ ಮಚ್ಚೆಯನ್ನೂ ಅಳಿಸಿ, ಮುಖವನ್ನು ಎರಡು ಪಟ್ಟು ಬೆಳ್ಳಗೆ ಮಾಡಿ ಕೊಟ್ಟ. ಫೋಟೊ ತಿದ್ದಬಾರದು ಅಂತ ಅವರ ನಿಯಮದಲ್ಲಿ ಸ್ಪಷ್ಟವಾಗಿದೆ. ಮರುದಿನ ಮುಖ ತೊಳೆಸಿ, ಅತ್ತೆಯ ಕೈಗೆ ಸಿಗದ ಹಾಗೆ ಕರೆದುಕೊಂಡು ಹೋಗಿ, "ಇದ್ದಹಾಗೇ ಕೊಡಪ್ಪಾ" ಅಂತ ಹೇಳಿ ಮತ್ತೆ ತೆಗೆಸಿದೆ.

ನಮ್ಮ ಪಟ್ಟಿಯಲ್ಲಿ ಇನ್ನೊಂದು ಬಗೆಯ ಫೋಟೊಗಳೂ ಇದ್ದವು. ಹುಟ್ಟಿದಾಗಿನಿಂದ ಇವತ್ತಿನವರೆಗೆ ಮಗು ಬೆಳೆದದ್ದನ್ನು ತೋರಿಸುವ ಫೋಟೊಗಳು. ಯಾಕೆ ಅಂತ ಹಳೆಯ ಪಾಸ್‌ಪೋರ್ಟ್ ನೋಡಿದರೆ ಗೊತ್ತಾಗುತ್ತದೆ. ಅದರಲ್ಲಿರುವುದು ಎರಡು ತಿಂಗಳ ಬೋಳುತಲೆಯ ಕೂಸು. ಬಿಳಿ ಬಟ್ಟೆಯ ಮೇಲೆ ಮಲಗಿಸಿ ತೆಗೆದದ್ದು, ಒಂದು ಕಣ್ಣು ಅರ್ಧ ಮುಚ್ಚಿದೆ. ನನ್ನೆದುರು ಎರಡು ಜಡೆ ಹಾಕಿಕೊಂಡು ಕುಣಿಯುತ್ತಿರುವವಳು ಇವಳೇ ಅಂತ ನನಗೆ ಗೊತ್ತು. ಕಿಟಕಿಯ ಆಚೆ ಕೂತವರಿಗೆ ಹೇಗೆ ಗೊತ್ತಾಗಬೇಕು? ಆಮೇಲೆ ನನಗನಿಸಿತು, ಉಳಿದ ಕಾಗದಗಳದ್ದೆಲ್ಲ ಒಂದು ಲೆಕ್ಕ, ಈ ಐದು ವರ್ಷದ ಅಂತರ ತುಂಬುವುದೇ ಒಂದು ಲೆಕ್ಕ.

ನನ್ನ ಫೋನಿನಲ್ಲಿ ಮಗಳ ಫೋಟೊ ಸಾವಿರಗಟ್ಟಲೆ ಇವೆ. ಆದರೆ ಕಾನ್ಸುಲೇಟಿನೊಳಗೆ ಫೋನ್ ಬಿಡುವುದಿಲ್ಲ. ಇದನ್ನು ಮರೆತು ಹೋದರೆ ಫಜೀತಿ. ಕೂತು ಆರಿಸಿ ಹದಿನಾಲ್ಕು ಫೋಟೊ ಪ್ರಿಂಟ್ ಹಾಕಿಸಿದೆ. ಒಬ್ಬಳೇ ಇರುವ ಚೆಂದದ ಫೋಟೊಗಳನ್ನು ಬಿಟ್ಟೆ. ನಾವಿಬ್ಬರಲ್ಲಿ ಒಬ್ಬರಾದರೂ ಜೊತೆಗಿರುವ, ಮುಖ ನೇರ ಕಾಣುವ ಫೋಟೊಗಳನ್ನೇ ತೆಗೆದುಕೊಂಡೆ. ಆಸ್ಪತ್ರೆ ಹಾಸಿಗೆ, ಅನ್ನಪ್ರಾಶನ, ವಾಪಸ್ ಬಂದ ದಿನದ ವಿಮಾನ ನಿಲ್ದಾಣ, ಶಾಲೆಯ ಮೊದಲ ದಿನ. ಒಂದೊಂದರ ಹಿಂದೆಯೂ ಪೆನ್ಸಿಲ್‌ನಲ್ಲಿ ತಿಂಗಳು, ವರ್ಷ ಬರೆದೆ.

ಹಿಂದಿನ ದಿನ ಮಧ್ಯಾಹ್ನದ ಡಬಲ್ ಡೆಕ್ಕರ್ ರೈಲಿನಲ್ಲಿ ಚೆನ್ನೈಗೆ ಹೋದೆವು. ರಾತ್ರಿ ರೈಲಿಗೆ ಹೋಗಿ ಬೆಳಗಿನ ಜಾವ ಇಳಿದು ನೇರ ಕಾನ್ಸುಲೇಟಿಗೆ ಹೋಗುವವರೂ ಇದ್ದಾರೆ. ನಿದ್ದೆಗೆಟ್ಟ ಐದು ವರ್ಷದ ಮಗುವನ್ನು ಅಧಿಕಾರಿಯ ಮುಂದೆ ನಿಲ್ಲಿಸುವ ಧೈರ್ಯ ನನಗಿರಲಿಲ್ಲ. ಕಾನ್ಸುಲೇಟ್ ಇರುವುದು ಜೆಮಿನಿ ಫ್ಲೈಓವರ್ ಹತ್ತಿರ, ಅಣ್ಣಾ ಸಾಲೈಯಲ್ಲಿ. ಫೋನು, ಬ್ಯಾಗು ಎಲ್ಲ ಹೋಟೆಲ್ ರೂಮಿನಲ್ಲೇ ಬಿಟ್ಟು ಒಂದು ಪ್ಲಾಸ್ಟಿಕ್ ಫೋಲ್ಡರ್ ಹಿಡಿದು ಹೊರಟೆವು. ಹೊರಗೆ ವೀಸಾದವರ ಉದ್ದ ಸಾಲು. ಅದರಲ್ಲಿ ನಿಲ್ಲಬೇಡಿ. ಕಾವಲಿನವರಿಗೆ ಮಗುವಿನ ನೀಲಿ ಪಾಸ್‌ಪೋರ್ಟ್ ತೋರಿಸಿದೆವು, ಬೇರೆ ಕಡೆಯಿಂದ ಕಳಿಸಿದರು.

ಒಳಗೆ ಮೊದಲ ಕಿಟಕಿಯಲ್ಲಿ ಕಾಗದ ನೋಡಿದರು. ಬರ್ತ್ ಸರ್ಟಿಫಿಕೇಟಿನ ಅಸಲು ಮತ್ತು ಪ್ರತಿ, ಅಪ್ಪ ಅಮ್ಮ ಇಬ್ಬರ ಹೆಸರೂ ಇರುವಂಥದ್ದು. ನಮ್ಮಿಬ್ಬರ ಪಾಸ್‌ಪೋರ್ಟ್, ಅವಳ ಹಳೆಯದು, ಫೋಟೊ. ಫೀಸು 135 ಡಾಲರ್. ಅದರಲ್ಲಿ 100 ಅರ್ಜಿಗೆ, 35 ಅಲ್ಲಿ ಮುಂದೆ ನಿಂತು ಅರ್ಜಿ ಕೊಡುವುದಕ್ಕೆ. ರೂಪಾಯಿಯಲ್ಲಿ ಕೊಟ್ಟರೆ ಅವರದೇ ದರ. ನಾವು ಕಾರ್ಡ್ ಉಜ್ಜಿದೆವು. ನನ್ನ ‘ಎಫ್‌ಎನ್‌ಯು’ ಕಥೆಯನ್ನು ರಾತ್ರಿಯೆಲ್ಲ ಇಂಗ್ಲಿಷಿನಲ್ಲಿ ಜೋಡಿಸಿಕೊಂಡಿದ್ದೆ. ಕಿಟಕಿಯಲ್ಲಿದ್ದ ಹೆಂಗಸು ಎರಡು ಪಾಸ್‌ಪೋರ್ಟನ್ನೂ ಪಕ್ಕಪಕ್ಕ ಇಟ್ಟು ನೋಡಿ, ತಲೆಯಾಡಿಸಿ, ಮುಂದಿನ ಹಾಳೆಗೆ ಹೋದರು. ಚೆನ್ನೈಯಲ್ಲಿ ಕೂತವರಿಗೆ ಇನಿಷಿಯಲ್ ಹೊಸದೇನಲ್ಲವಲ್ಲ!

ಸ್ವಲ್ಪ ಹೊತ್ತಿಗೆ ಅಧಿಕಾರಿ ಕರೆದರು. ಬಲಗೈ ಎತ್ತಿಸಿ, ಹೇಳಿದ್ದೆಲ್ಲ ನಿಜ ಅಂತ ಪ್ರಮಾಣ ಮಾಡಿಸಿದರು. ನಾವಿಬ್ಬರೂ ಕೈ ಎತ್ತಿದ್ದು ನೋಡಿ ಮಗಳು ಎರಡೂ ಕೈ ಎತ್ತಿದಳು. ಆಗ ಸಹಿ ಹಾಕಿದೆವು. ಅಧಿಕಾರಿ ಮಗಳ ಹೆಸರು ಕೇಳಿದರು, ಶಾಲೆ ಕೇಳಿದರು. ಚೆನ್ನಾಗೇ ಹೇಳಿದಳು. ಆಮೇಲೆ ಹಳೆಯ ಪಾಸ್‌ಪೋರ್ಟನ್ನು ಗಾಜಿಗೆ ಹಿಡಿದು, ಬೋಳುತಲೆಯ ಕೂಸನ್ನು ತೋರಿಸಿ, ಇದು ಯಾರು ಅಂತ ಕೇಳಿದರು.

ಮಗಳು ಹತ್ತಿರ ಹೋಗಿ ನೋಡಿದಳು. "ನಾನಲ್ಲ. ಇದು ಪಾಪು" ಅಂದಳು, ಕನ್ನಡದಲ್ಲಿ.

ನನ್ನ ಎದೆ ಧಸಕ್ ಅಂತು. ನಮ್ಮನೆಯವರು ಇಂಗ್ಲಿಷಿನಲ್ಲಿ ಹೇಳುವುದೋ ಬೇಡವೋ ಅಂತ ನನ್ನ ಮುಖ ನೋಡಿದರು. ಈಗಷ್ಟೇ ನಿಜ ಹೇಳುತ್ತೇವೆ ಅಂತ ಪ್ರಮಾಣ ಮಾಡಿದ್ದೇವಲ್ಲ, ಹೇಳಿದರು. ಅಧಿಕಾರಿ ನಕ್ಕು, ಫೋಟೊ ಇದ್ದರೆ ಕೊಡಿ ಅಂದರು. ಹದಿನಾಲ್ಕನ್ನೂ ಇಸ್ಪೀಟಿನ ಎಲೆಯ ಹಾಗೆ ಜೋಡಿಸಿಕೊಂಡು, ಹಿಂದಿನ ತಾರೀಖು ತಿರುಗಿಸಿ ನೋಡುತ್ತಾ ಹೋದರು. ಒಂದೂವರೆ ವರ್ಷದ ಫೋಟೊದಲ್ಲಿ ಗಲ್ಲದ ಮಚ್ಚೆ ಕಾಣುತ್ತದೆ. ಅಲ್ಲಿ ನಿಲ್ಲಿಸಿ ಮಗಳ ಮುಖ ನೋಡಿದರು, ಹೊಸ ಫೋಟೊ ನೋಡಿದರು. ಸರಿ ಅಂದರು. ಅಂಗಡಿ ಹುಡುಗ ಅಳಿಸಿದ್ದ ಫೋಟೊ ಕೊಟ್ಟಿದ್ದರೆ ಏನಾಗುತ್ತಿತ್ತೋ, ಯೋಚಿಸಲು ಹೋಗಲಿಲ್ಲ.

ಎಲ್ಲ ಸೇರಿ ಒಂದೂವರೆ ಗಂಟೆ. ಹೊರಗೆ ಬಂದು ಹತ್ತಿರದಲ್ಲೇ ಇರುವ ಸೆಮ್ಮೊಳಿ ಪೂಂಗಾ ಪಾರ್ಕಿನಲ್ಲಿ ಅವಳನ್ನು ಓಡಾಡಲು ಬಿಟ್ಟು ನಾವು ಬೆಂಚಿನ ಮೇಲೆ ಕೂತೆವು.

ಪಾಸ್‌ಪೋರ್ಟ್ ಅಚ್ಚಾಗುವುದು ಅಮೆರಿಕದಲ್ಲಿ. ನಮ್ಮದು ಹತ್ತೊಂಬತ್ತನೇ ದಿನ ಬಂತು. ಹಳೆಯದನ್ನೂ ತೂತು ಹೊಡೆದು ವಾಪಸ್ ಕೊಟ್ಟರು. ಸಹಿ ಜಾಗದಲ್ಲಿ ಮಗುವಿನ ಕೈಯಿಂದ ಗೀಚಿಸಬೇಡಿ. ಅಮ್ಮನೋ ಅಪ್ಪನೋ ಮಗುವಿನ ಹೆಸರು ಬರೆದು, ತಮ್ಮ ಸಹಿ ಹಾಕಿ, ಪಕ್ಕದಲ್ಲಿ ಸಂಬಂಧ ಬರೆಯಬೇಕು.

ಇಷ್ಟಕ್ಕೆ ಮುಗಿಯಿತು ಅಂದುಕೊಳ್ಳಬೇಡಿ, ಓಸಿಐ ಬಾಕಿ ಇರುತ್ತದೆ. ಮೊದಲು ಮಕ್ಕಳಿಗೆ ಪಾಸ್‌ಪೋರ್ಟ್ ಬದಲಾದಾಗಲೆಲ್ಲ ಓಸಿಐ ಕಾರ್ಡನ್ನೂ ಹೊಸದಾಗಿ ಮಾಡಿಸಬೇಕಿತ್ತು. 2021ರಲ್ಲಿ ಕೇಂದ್ರ ಸರ್ಕಾರ ಅದನ್ನು ಸಡಿಲಿಸಿತು. ಈಗ ಇಪ್ಪತ್ತು ವರ್ಷ ಆಗುವವರೆಗೆ ಹೊಸ ಪಾಸ್‌ಪೋರ್ಟಿನ ಪ್ರತಿ, ಹೊಸ ಫೋಟೊ ಎರಡನ್ನೂ ಓಸಿಐ ಪೋರ್ಟಲಿಗೆ ಹಾಕಿದರೆ ಸಾಕು. ಪಾಸ್‌ಪೋರ್ಟ್ ಬಂದ ಮೂರು ತಿಂಗಳೊಳಗೆ ಹಾಕಬೇಕು, ದುಡ್ಡಿಲ್ಲ. ಆದರೆ ಇಲ್ಲೂ ಫೋಟೊ ಕಾಟ ತಪ್ಪಲಿಲ್ಲ. ಅಮೆರಿಕದವರಿಗೆ ಹಿಂದೆ ಬಿಳಿಯೇ ಬೇಕು, ಓಸಿಐನವರಿಗೆ ಬಿಳಿ ಬೇಡ, ತಿಳಿ ಬಣ್ಣ ಬೇಕು. ಮೂರನೇ ಸಲ ಅದೇ ಅಂಗಡಿಗೆ ಹೋದಾಗ ಆ ಹುಡುಗ ನಾನು ಬಾಯಿ ಬಿಡುವ ಮೊದಲೇ "ಗೊತ್ತು ಮೇಡಂ, ಇದ್ದಹಾಗೇ" ಅಂದ.

ಮುಂದಿನ ಸರದಿ 2029ಕ್ಕೆ. ಆಗ ಅವಳಿಗೆ ಹತ್ತು, ಮತ್ತೆ ಡಿಎಸ್-11, ಮತ್ತೆ ಮೂವರೂ ಹೋಗಬೇಕು. ಅದಕ್ಕೆ ಪ್ರತಿ ಹುಟ್ಟುಹಬ್ಬಕ್ಕೆ ಒಂದು ಫೋಟೊ ಪ್ರಿಂಟ್ ಹಾಕಿಸಿ ಫೋಲ್ಡರಿಗೆ ಸೇರಿಸುತ್ತಿದ್ದೇನೆ. ಮೊನ್ನೆ ಸೇರಿಸಿದ್ದರಲ್ಲಿ ಮುಂದಿನ ಎರಡು ಹಲ್ಲು ಇಲ್ಲ, ಮಚ್ಚೆ ಇದೆ.