ವರದಕ್ಷಿಣೆ ಕೇಸಿನ ತನಿಖೆ ಬೇರೆಯವರ ಕೈಗೆ ಹೋಗುವಂತೆ ಮಾಡಿದ್ದು: ನನ್ನ ಅನುಭವ

"ತನಿಖೆ ಬದಲಿಸಿ ಅಂತ ಹೈಕೋರ್ಟಿಗೆ ಹೋಗ್ತೀರಾ? ಸಾಕಿರಿ ವಾಸು ತೋರಿಸಿ ಮ್ಯಾಜಿಸ್ಟ್ರೇಟರ ಹತ್ತಿರವೇ ಕಳಿಸ್ತಾರೆ ಮಾರಾಯ್ರೇ" ಎಂದು ಕಾಸರಗೋಡಿನ ವಿದ್ಯಾನಗರ ಕೋರ್ಟಿನಲ್ಲಿ ಹೇಳದವರಿಲ್ಲ. ಸಾಕಿರಿ ವಾಸು ಅಂದರೆ, ಪೊಲೀಸ್ ತನಿಖೆ ಸರಿಯಿಲ್ಲದಿದ್ದರೆ ಮೊದಲು ಮ್ಯಾಜಿಸ್ಟ್ರೇಟರ ಬಳಿ ಹೋಗಿ ಎನ್ನುವ ಸುಪ್ರೀಂ ಕೋರ್ಟಿನ ತೀರ್ಪು. ಮೊದಲ ಸಲ ಹಾಗೆಯೇ ಆಯಿತು. ಎರಡನೇ ಸಲ ಆದೇಶ ಸಿಕ್ಕಿತು. ಕಾಸರಗೋಡಿನಲ್ಲಿ ಇಂಥ ಫೈಲು ಹಿಡಿದು ಕೂತಿರುವ ವಕೀಲರಿಗೆ ಉಪಯೋಗವಾಗಲಿ ಎಂದು ಬರೆಯುತ್ತಿದ್ದೇನೆ.

ಹುಡುಗಿ ನಮ್ಮ ಗಡಿ ಭಾಗದವಳು, ಕೊಟ್ಟದ್ದು ಪುತ್ತೂರು ಕಡೆಗೆ. ಸುಮಾರು 60 ಪವನು ಚಿನ್ನ (ಪವನು ಅಂದರೆ ಎಂಟು ಗ್ರಾಂ) ಹಾಕಿ ಕೊಟ್ಟಿದ್ದರು. ಇನ್ನೂ 10 ಪವನು ಬೇಕು, ಕಾರು ಬೇಕು ಎಂದು ಪೀಡಿಸಿ ತವರಿಗೆ ಅಟ್ಟಿದರು. ಘಟನೆ 2024ರ ಜುಲೈ 1ಕ್ಕೆ ಮೊದಲಿನದು, ಎಫ್‌ಐಆರ್ ಆಮೇಲಿನದು. ಹಾಗಾಗಿ ಸೆಕ್ಷನ್ ಐಪಿಸಿಯ 498ಎ (ಗಂಡನ ಮನೆಯವರ ಕ್ರೌರ್ಯ) ಮತ್ತು 406 (ನಂಬಿಕೆ ದ್ರೋಹ), ಕ್ರಮ ಮಾತ್ರ ಜುಲೈ 1ರಂದು ಜಾರಿಗೆ ಬಂದ ಹೊಸ ಕಾರ್ಯವಿಧಾನ ಸಂಹಿತೆ ಬಿಎನ್‌ಎಸ್‌ಎಸ್‌ನದು. ಠಾಣೆಯವರು "ಇದು ಕರ್ನಾಟಕದ ಕೇಸು" ಎಂದು ತಳ್ಳಿದ್ದರು. ಗಂಡನ ಮನೆ ಬಿಟ್ಟು ಆಶ್ರಯ ಪಡೆದ ಊರಿನಲ್ಲೂ ದೂರು ಕೊಡಬಹುದೆಂಬ 2019ರ ರೂಪಾಲಿ ದೇವಿ ತೀರ್ಪಿನ ಪ್ರತಿ ಮೇಜಿನ ಮೇಲಿಟ್ಟ ಮೇಲೆ ದಾಖಲಾಯಿತು. ಅಲ್ಲಿಗೆ ಫೈಲು ಮಲಗಿತು.

ಹೈಕೋರ್ಟಿಗೆ ಮೊದಲ ರಿಟ್ ಅರ್ಜಿ ತಯಾರಿಸಿದ್ದು ಎರ್ನಾಕುಳಂನ ವಕೀಲರು. ಪುಟಪುಟವೂ ಎಸ್‌ಐ ಮೇಲಿನ ಆರೋಪ, ಕೊನೆಗೆ ಸಿಬಿಐ ತನಿಖೆ ಬೇಕೆಂಬ ಕೋರಿಕೆ. "ತನಿಖೆ ನಡೆಯುತ್ತಿದೆ" ಎಂದು ಸರಕಾರಿ ವಕೀಲರು ಒಂದು ಮಾತು ಹೇಳಿದರು. ನ್ಯಾಯಮೂರ್ತಿಗಳು ಮ್ಯಾಜಿಸ್ಟ್ರೇಟರ ಬಳಿ ಹೋಗಲು ಅವಕಾಶ ಕೊಟ್ಟು ಅರ್ಜಿ ಮುಗಿಸಿದರು. ಫೀಸು, ಕನ್ನಡ ಕಾಗದಗಳ ಅನುವಾದ, ರೈಲು, ಜೆರಾಕ್ಸ್ ಎಲ್ಲ ಸೇರಿ 40 ಸಾವಿರದ ಆಸುಪಾಸು ಹೋಯಿತು. ಆ ವರ್ಷದ ಅಡಿಕೆಯ ದುಡ್ಡು ಅದು. "ಇನ್ನು ಸಾಕು ವಕೀಲ್ರೇ, ಮಗಳು ಮನೆಯಲ್ಲಿರಲಿ" ಎಂದರು ತಂದೆ. ಆದೇಶ ಬರುವವರೆಗೆ ನನಗೊಂದು ರೂಪಾಯಿ ಬೇಡ ಎಂದು ಹೇಳಿ ಫೈಲು ಉಳಿಸಿಕೊಂಡೆ.

ಹೈಕೋರ್ಟು ತೋರಿಸಿದ ದಾರಿಯನ್ನೇ ಹಿಡಿದೆ. ಅದೇ ಹೊಸ ಸಂಹಿತೆಯ 173(4)ರಂತೆ ಎಸ್‌ಪಿಯವರಿಗೆ ರಿಜಿಸ್ಟರ್ಡ್ ಅಂಚೆ, ಆಮೇಲೆ ಅಫಿಡವಿಟ್ ಸಮೇತ ತನಿಖೆಗೆ ಆದೇಶ ಕೋರಿ ಮ್ಯಾಜಿಸ್ಟ್ರೇಟರಿಗೆ 175(3)ರ ಅರ್ಜಿ. ಮ್ಯಾಜಿಸ್ಟ್ರೇಟರು ಅದೇ ಠಾಣೆಯಿಂದ ವರದಿ ಕೇಳಿದರು. ಅರ್ಧ ಪುಟದ ಮಲಯಾಳ ವರದಿ ಬಂತು: ದೂರುದಾರಳ ಹೇಳಿಕೆಯನ್ನು ಮನೆಯಲ್ಲಿ ಪಡೆಯಲಾಗಿದೆ, ಚಿನ್ನದ ವಿವರ ಅವಳು ಹೇಳಿಲ್ಲ, ತನಿಖೆ ಸರಿಯಾಗಿ ಸಾಗಿದೆ. ಓದಿದಾಗಲೇ ಗೆದ್ದೆ ಅನ್ನಿಸಿತು. ದೂರಿನ ಜೊತೆ ಚಿನ್ನದಂಗಡಿಯ ಬಿಲ್ಲು ಲಗತ್ತಿಸಿದ್ದೆವು, ಸ್ವೀಕೃತಿಯ ರಶೀದಿಯಲ್ಲಿ ಅದು ನಮೂದಾಗಿತ್ತು. ಹೇಳಿಕೆ ಕೊಡಲು ಅವಳು ಹೋದದ್ದು ಠಾಣೆಗೆ; ಸಂಜೆವರೆಗೆ ಬೆಂಚಿನಲ್ಲಿ ಕೂರಿಸಿದ್ದರು. ಠಾಣೆಗಳಲ್ಲಿ ಸಿಸಿಟಿವಿ ಇರಲೇಬೇಕೆಂದು 2020ರ ಪರಮ್‌ವೀರ್ ಸಿಂಗ್ ಸೈನಿ ತೀರ್ಪು ಉಂಟಲ್ಲ, ಅದನ್ನು ಹಿಡಿದು ಆ ದಿನದ ದೃಶ್ಯ ಅಳಿಸದಂತೆ ಅರ್ಜಿ ಕೊಟ್ಟಿದ್ದೆ. ಆ ಅರ್ಜಿಯ ಒಕ್ಕಣೆ, ಕೊಟ್ಟ ಹೊತ್ತು ಇಲ್ಲಿ ಬರೆಯುವುದಿಲ್ಲ. ಅದು ನನ್ನ ಹತ್ತಿರ ಇರಲಿ.

ಹೈಕೋರ್ಟಿಗೆ ಎರಡನೇ ರಿಟ್ ಅರ್ಜಿ ನಾನೇ ಬರೆದೆ. ಎಸ್‌ಐಯನ್ನು ಬೈಯುವ ಒಂದು ವಾಕ್ಯವೂ ಇಲ್ಲ. ಬದಲಿಗೆ ನಾಲ್ಕು ಕಾಲಮ್ಮಿನ ತಖ್ತೆ: ದೂರಿನಲ್ಲಿ ಏನಿದೆ, ವರದಿ ಏನೆನ್ನುತ್ತದೆ, ಸಾಕ್ಷ್ಯ ಎಲ್ಲಿದೆ, ಯಾವಾಗ ಕೈತಪ್ಪುತ್ತದೆ. ಅತ್ತೆಯ ಹೆಸರಿನ ಬ್ಯಾಂಕ್ ಲಾಕರಿನ ರಿಜಿಸ್ಟರು, ಗಂಡನ ವಾಯ್ಸ್ ಮೆಸೇಜು ಇರುವ ಫೋನು, ಚಿನ್ನದಂಗಡಿಯ ಲೆಜ್ಜರು. ಮದುವೆ ಆಲ್ಬಮ್ಮಿನಲ್ಲಿ ಕಾಣುವ ಬಳೆ, ಸರಗಳಿಗೆ ಬಿಲ್ಲಿನ ಸಾಲಿನ ನಂಬರನ್ನೇ ಹಾಕಿದೆ. ನ್ಯಾಯಮೂರ್ತಿಗಳು ಹೆಚ್ಚು ಹೊತ್ತು ನೋಡಿದ್ದು ನಾಲ್ಕನೇ ಕಾಲಮ್ಮನ್ನು. ಕೋರಿಕೆಯೂ ಸಣ್ಣದು: ಆ ಸಬ್‌ಡಿವಿಷನ್ನಿನ ಹೊರಗಿನ ಡಿವೈಎಸ್‌ಪಿಯೊಬ್ಬರು ತನಿಖೆ ಮಾಡಲಿ, ಕನ್ನಡ ಬಲ್ಲವರನ್ನಿಟ್ಟು, ವಿಡಿಯೊದಲ್ಲಿ ಹೇಳಿಕೆ ಮತ್ತೆ ದಾಖಲಿಸಲಿ. ಅದೂ ಆಗದಿದ್ದರೆ ಎಸ್‌ಪಿಯವರ ಮೇಲ್ವಿಚಾರಣೆ. ಹೈಕೋರ್ಟು ಕೇಸು ವರ್ಗಾಯಿಸುವ 447ನೇ ಸೆಕ್ಷನ್ನಿನ ಗೊಡವೆಗೆ ಹೋಗಲಿಲ್ಲ, ಅದು ಕೋರ್ಟಿನಲ್ಲಿರುವ ಕೇಸಿಗೆ. ಈ ಸಲದ ಖರ್ಚು 15 ಸಾವಿರ ದಾಟಲಿಲ್ಲ.

ನಡುವೆ ಬೇರೆ ಪ್ರಯತ್ನಗಳೂ ಆದವು. ಒಂದು ಆಯೋಗಕ್ಕೆ ಬರೆದ ದೂರು ಸುತ್ತು ಬಳಸಿ ಅದೇ ಠಾಣೆಗೇ ಬಂತು. ಇನ್ನೊಂದು ಫೈಲಿನಲ್ಲಿ ಮೇಲಧಿಕಾರಿಗಳಿಗಿರುವ 30ನೇ ಸೆಕ್ಷನ್ನಿನ ಅಧಿಕಾರವನ್ನು ಉಲ್ಲೇಖಿಸಿ, ಇದೇ ತಖ್ತೆಯ ಚಿಕ್ಕ ರೂಪವನ್ನು ಎಸ್‌ಪಿಯವರಿಗೆ ಕೊಟ್ಟೆ. ಕೋರ್ಟಿಗೆ ಹೋಗದೆಯೇ ತನಿಖಾಧಿಕಾರಿ ಬದಲಾದರು, ಅಂಚೆ ಖರ್ಚಿನಲ್ಲಿ ಕೆಲಸ ಮುಗಿಯಿತು. ಮೊದಲು ಇದನ್ನು ಮಾಡಿ ನೋಡಿ.

ನಮ್ಮ ಕೇಸಿಗೆ ಹೈಕೋರ್ಟಿನ ಆದೇಶದಂತೆ ಹೊಸ ಅಧಿಕಾರಿ ಬಂದು ಲಾಕರ್ ರಿಜಿಸ್ಟರು ತರಿಸಿದರು. ಹುಡುಗಿಯನ್ನು ತವರಿಗೆ ಕಳಿಸಿದ ಮರುದಿನವೇ ಅತ್ತೆ ಲಾಕರ್ ತೆರೆದ ಸಹಿ ಅದರಲ್ಲಿತ್ತು. 35 ಪವನಿನಷ್ಟು ಮಹಜರಾಗಿ ಕೋರ್ಟಿಗೆ ಬಂತು. ಚಾರ್ಜ್‌ಶೀಟಿನಲ್ಲಿ ವರದಕ್ಷಿಣೆ ನಿಷೇಧ ಕಾಯ್ದೆಯೂ ಸೇರಿತು. ಬೇಡವೆಂದಿದ್ದ ಸಹೋದ್ಯೋಗಿಗಳೇ ಈಗ ತಖ್ತೆಯ ಪ್ರತಿ ಕೇಳುತ್ತಾರೆ, ಕೊಡುತ್ತೇನೆ. ಉಳಿದ ಚಿನ್ನಕ್ಕೆ ಫ್ಯಾಮಿಲಿ ಕೋರ್ಟಿನಲ್ಲಿ ಅರ್ಜಿ ಹಾಕಿದ್ದೇವೆ. ಅಳಿಯನ ಕಡೆಯವರು ಎದುರು ಹೇಳಿಕೆ ಕೊಡಲು ಎರಡು ವಾಯಿದೆ ಕೇಳಿಯಾಗಿದೆ. ಮೂರನೆಯದಕ್ಕೆ ನಾನು ಒಪ್ಪುವುದಿಲ್ಲ.