ಸ್ಟ್ರಾಸ್‌ಬರ್ಗ್‌ನಲ್ಲಿ ಒಂಟಿ ಚಕ್ರ ಕಲಿತ ರಜೆ

ಮೂರನೇ ದಿನಕ್ಕೆ ನನ್ನ ಎರಡೂ ಕಣಕಾಲುಗಳ ಒಳಬದಿ ನೇರಳೆ ಹಣ್ಣಿನ ಬಣ್ಣಕ್ಕೆ ತಿರುಗಿತ್ತು. ಬ್ಯಾಟರಿಯಿಂದ ಓಡುವ ಎಲೆಕ್ಟ್ರಿಕ್ ಒಂಟಿ ಚಕ್ರದ ಮೇಲೆ ಹೊಸದಾಗಿ ನಿಲ್ಲುವವರೆಲ್ಲ ಮಾಡುವ ತಪ್ಪನ್ನೇ ನಾನೂ ಮಾಡಿದ್ದೆ. ಬೀಳುವ ಭಯಕ್ಕೆ ಚಕ್ರದ ಗೂಡನ್ನು, ಅಂದರೆ ಹೊರಕವಚವನ್ನು, ಎರಡು ಕಾಲಿನಿಂದ ಇಕ್ಕುಳದ ಹಾಗೆ ಒತ್ತಿ ಹಿಡಿದಿದ್ದೆ. ಒತ್ತಿದಷ್ಟೂ ಚಕ್ರ ಅಲುಗಾಡುತ್ತದೆ, ಅಲುಗಾಡಿದಷ್ಟೂ ಇನ್ನೂ ಒತ್ತುತ್ತೇವೆ. ಇದನ್ನು ಮೊದಲ ದಿನವೇ ಯಾರಾದರೂ ಹೇಳಿದ್ದರೆ ಅನ್ನಿಸಿದ್ದರಿಂದಲೇ ಇದನ್ನು ಬರೆಯುತ್ತಿದ್ದೇನೆ.

ನಾನು ಶಿವಮೊಗ್ಗದ ಹತ್ತಿರ ಪ್ರೌಢಶಾಲೆಯಲ್ಲಿ ವಿಜ್ಞಾನ ಪಾಠ ಮಾಡುವವಳು. ವಯಸ್ಸು 43. ತಮ್ಮ ಫ್ರಾನ್ಸಿನ ಸ್ಟ್ರಾಸ್‌ಬರ್ಗ್‌ನಲ್ಲಿ ಕೆಲಸದಲ್ಲಿದ್ದಾನೆ. ಬೇಸಿಗೆ ರಜೆಗೆ ಆರು ವಾರ ಅವನ ಮನೆಗೆ ಹೋಗಿದ್ದೆ. ಅವನು ದಿನಾ ಆಫೀಸಿಗೆ ಹೋಗುವುದು ಎಲೆಕ್ಟ್ರಿಕ್ ಒಂಟಿ ಚಕ್ರದ ಮೇಲೆ. ಅಲ್ಲಿನವರು ಅದನ್ನು ಮೊನೊರೂ ಅಥವಾ ಜಿರೋರೂ ಅನ್ನುತ್ತಾರೆ. ಹೊಸದು ತಗೊಂಡ ಮೇಲೆ ಅವನ ಹಳೇ ಚಕ್ರ ಬಾಗಿಲ ಹಿಂದೆ ನಿಂತಿತ್ತು. ನೋಡಲು ಸಣ್ಣ ಸೂಟ್‌ಕೇಸಿನ ಹಾಗೆ. ನಡುವೆ 16 ಇಂಚಿನ ಒಂದೇ ಟೈರು, ಎರಡೂ ಬದಿಗೆ ಮಡಚುವ ಪೆಡಲ್, ಮೇಲೆ ಎತ್ತುವ ಹಿಡಿಕೆ. ಸೀಟಿಲ್ಲ, ಹ್ಯಾಂಡಲ್ ಇಲ್ಲ. ತೂಕ 14 ಕಿಲೋದ ಹತ್ತಿರ. 2010ರ ದಶಕದ ಮೊದಲಲ್ಲಿ ಶೇನ್ ಚೆನ್ ಎಂಬ ಅಮೆರಿಕದ ಸಂಶೋಧಕ ಸೋಲೋವೀಲ್ ಅಂತ ಹೊರತಂದ ಚಕ್ರದ ವಂಶ ಇದು.

ಪೆಡಲ್ ಅನ್ನುವ ಹೆಸರಿದೆಯೇ ಹೊರತು ತುಳಿಯುವುದಕ್ಕೇನೂ ಇಲ್ಲ. ಪಾದ ಊರಿ ನಿಲ್ಲುವ ಜಾಗ ಅದು. ಮಕ್ಕಳು ಅಂಗೈ ಮೇಲೆ ಪೊರಕೆ ನಿಲ್ಲಿಸುವ ಆಟ ಆಡುತ್ತಾರಲ್ಲ, ಪೊರಕೆ ಮುಂದೆ ವಾಲಿದರೆ ಕೈಯನ್ನೂ ಮುಂದೆ ಓಡಿಸುತ್ತಾರೆ. ಇಲ್ಲಿ ಪೊರಕೆ ನಾವು, ಅಂಗೈ ಚಕ್ರ. ಒಳಗಿರುವ, ತಿರುಗುವಿಕೆ ಅಳೆಯುವ ಗೈರೋಸ್ಕೋಪ್ ಮತ್ತು ವೇಗೋತ್ಕರ್ಷ ಅಳೆಯುವ ಸೆನ್ಸರ್ ಸೆಕೆಂಡಿಗೆ ನೂರಾರು ಸಲ ವಾಲು ನೋಡಿ ಮೋಟಾರಿಗೆ ಹೇಳುತ್ತವೆ. ಮುಂದಕ್ಕೆ ವಾಲಿದರೆ ಓಟ, ಹಿಂದಕ್ಕೆ ವಾಲಿದರೆ ಬ್ರೇಕು. ಆದರೆ ಯಂತ್ರ ನೋಡಿಕೊಳ್ಳುವುದು ಹಿಂದೆ ಮುಂದೆ ಮಾತ್ರ. ಎಡಕ್ಕೆ ಬಲಕ್ಕೆ ಬೀಳದ ಹಾಗೆ ನಿಲ್ಲುವುದು ಪೂರ್ತಿ ನಮ್ಮ ಕೆಲಸ. ಪುಸ್ತಕದಲ್ಲಿ ಓದಿದ್ದರೆ ಒಂದು ವಾಕ್ಯದಲ್ಲಿ ಮುಗಿಯುವ ಈ ವಿಷಯ ನನ್ನ ಮೈಗೆ ಇಳಿಯಲು ಒಂದು ವಾರ ಬೇಕಾಯಿತು.

ಜಾಗದ ವಿಚಾರ ಮೊದಲು. ಫ್ರಾನ್ಸಿನಲ್ಲಿ 2019ರ ಅಕ್ಟೋಬರಿನಿಂದ ಈ ಚಕ್ರಗಳಿಗೆ, ಇ-ಸ್ಕೂಟರುಗಳಿಗೆ ಕಾನೂನಿದೆ. ಗಂಟೆಗೆ 25 ಕಿಲೋಮೀಟರ್ ಮಿತಿ, ಸೈಕಲ್ ದಾರಿ ಇದ್ದಲ್ಲಿ ಅದರಲ್ಲೇ ಹೋಗಬೇಕು, ಕಿವಿಗೆ ಇಯರ್‌ಫೋನ್ ಹಾಕುವಂತಿಲ್ಲ, ವಿಮೆ ಕಡ್ಡಾಯ. ಫುಟ್‌ಪಾತ್ ಮೇಲೆ ಓಡಿಸಿದರೆ 135 ಯೂರೋ ದಂಡ. ಕನಿಷ್ಠ ವಯಸ್ಸು ಮೊದಲು 12 ಇತ್ತು, 2023ರಲ್ಲಿ 14 ಮಾಡಿದರು. ತಮ್ಮ ನಾನು ಮುಟ್ಟುವ ಮುಂಚೆಯೇ ವಿಮೆಯವರ ಹತ್ತಿರ ನನ್ನ ಹೆಸರನ್ನೂ ಬರೆಸಿದ್ದ. ಆದರೂ ನಿಲ್ಲಿಸಲು ಬಾರದವರು ಸೈಕಲ್ ದಾರಿಗೆ ಇಳಿಯಬಾರದು ಅನ್ನುವುದು ನಮ್ಮಿಬ್ಬರ ಒಪ್ಪಂದ. ಸ್ಟ್ರಾಸ್‌ಬರ್ಗ್ ಇರುವ ಅಲ್ಸಾಸ್ ಪ್ರಾಂತ್ಯದಲ್ಲಿ ಭಾನುವಾರ ಅಂಗಡಿಗಳು ಬಾಗಿಲು ಹಾಕುತ್ತವೆ. ಮನೆ ಹತ್ತಿರದ ದೊಡ್ಡ ಅಂಗಡಿಯ ಪಾರ್ಕಿಂಗ್ ಜಾಗ ಭಾನುವಾರ ಇಡೀ ದಿನ ಖಾಲಿ, ಉಳಿದ ದಿನ ಬೆಳಗಿನ ಹೊತ್ತು ಖಾಲಿ. ಕಾವಲಿನವರನ್ನು ಕೇಳಿ ಅಲ್ಲೇ ಶುರು ಮಾಡಿದೆವು. ನಯವಾದ ಡಾಂಬರು, ಜೊತೆಗೆ ತಳ್ಳುಗಾಡಿಗಳನ್ನು ಸಾಲಾಗಿ ನಿಲ್ಲಿಸುವ ಕಡೆ ಸೊಂಟದ ಎತ್ತರಕ್ಕೆ ಉದ್ದನೆಯ ಕಬ್ಬಿಣದ ಕಂಬಿ. ಕಲಿಯುವವರಿಗೆ ಇದಕ್ಕಿಂತ ಒಳ್ಳೆಯ ಪಾಠಶಾಲೆ ಬೇಕಿಲ್ಲ.

ಹತ್ತುವುದನ್ನು ಹೀಗೆ ಕಲಿತೆ. ಚಕ್ರವನ್ನು ಕಂಬಿಯ ಪಕ್ಕ ನಿಲ್ಲಿಸಿ, ಬಲಗಾಲನ್ನು ಪೆಡಲ್ ಮೇಲೆ ಇಡುವುದು. ಪಾದದ ನಡುಭಾಗ ಚಕ್ರದ ಅಚ್ಚಿನ ನೇರಕ್ಕೆ ಬರಬೇಕು. ಬೆರಳು ಮುಂದೆ ಜಾಸ್ತಿ ಚಾಚಿದ್ದರೆ ಚಕ್ರ ನಮ್ಮನ್ನು ಕೇಳದೆ ಮುಂದೆ ಓಡುತ್ತದೆ. ಗೂಡಿನ ಬದಿಯನ್ನು ಕಣಕಾಲಿಗೆ ಆನಿಸಿ, ಎಡಗಾಲು ನೆಲದಲ್ಲೇ ಇಟ್ಟು, ಅದರಿಂದ ತಳ್ಳಿ ತಳ್ಳಿ ಒಂದೇ ಕಾಲಲ್ಲಿ ಎರಡು ಮೂರು ಮೀಟರು ಜಾರುವುದು. ಚಿಕ್ಕಂದಿನಲ್ಲಿ ಬಾಡಿಗೆ ಸೈಕಲ್ ತಂದು ಒಳಪೆಡ್ಲು ಹೊಡೆಯುವ ಮುಂಚೆ ಒಂದು ಕಾಲು ಪೆಡಲ್ ಮೇಲಿಟ್ಟು ಇನ್ನೊಂದು ಕಾಲಲ್ಲಿ ನೆಲ ಒದೆಯುತ್ತಿದ್ದೆವಲ್ಲ, ಅದೇ. ಈ ಒಂಟಿಕಾಲಿನ ಅಭ್ಯಾಸವನ್ನು ತುಂಬಾ ಜನ ಬಿಟ್ಟುಬಿಡುತ್ತಾರೆ. ನಾನು ಎರಡು ದಿನ ಇದನ್ನೇ ಮಾಡಿದೆ, ಅದರ ಫಲ ಆಮೇಲೆ ಸಿಕ್ಕಿತು. ಚಕ್ರ ಯಾವ ಕಡೆ ವಾಲಿದರೆ ಯಾವ ಕಡೆ ತಿರುಗುತ್ತದೆ ಅನ್ನುವುದು ಬಲಗಾಲಿಗೆ ಗೊತ್ತಾಗಿಹೋಯಿತು.

ಆಮೇಲೆ ಎರಡೂ ಕಾಲು. ಕಂಬಿ ಹಿಡಿದು ಆ ಕೊನೆಯಿಂದ ಈ ಕೊನೆಗೆ, ಈ ಕೊನೆಯಿಂದ ಆ ಕೊನೆಗೆ. ತಮ್ಮನ ಹೆಗಲು ಹಿಡಿದೂ ನೋಡಿದೆ. ಅದು ಬೇಡ. ಮನುಷ್ಯರನ್ನು ಹಿಡಿದರೆ ನಮ್ಮ ಭಾರ ಅವರ ಮೇಲೆ ವಾಲುತ್ತದೆ, ಇಬ್ಬರೂ ಬೀಳುತ್ತೇವೆ. ಕಂಬಿಯಾದರೆ ಬೆರಳ ತುದಿಯಲ್ಲಿ ಮುಟ್ಟಿಕೊಂಡು ಹೋಗಬಹುದು, ಬೇಕಾದಾಗ ಬಿಡಬಹುದು.

ಐದನೇ ದಿನ ಬೆಳಿಗ್ಗೆ ಕಂಬಿ ಬಿಟ್ಟೆ. ನಾಲ್ಕು ಮೀಟರು, ಇಳಿದೆ. ಆರು ಮೀಟರು, ಇಳಿದೆ. ಪ್ರತಿ ಸಲವೂ ನಡಿಗೆಗಿಂತ ನಿಧಾನವಾಗಿ, ಎಚ್ಚರಿಕೆಯಿಂದ, ಚಕ್ರದ ಮುಂದಿನ ಡಾಂಬರನ್ನೇ ನೋಡುತ್ತಾ. ತಮ್ಮ ಆ ತುದಿಯಲ್ಲಿ ನಿಂತು ಕೂಗಿದ, "ಅಕ್ಕಾ, ನಿಧಾನ ಹೋಗ್ತಿದ್ದೀಯ ಅಂತಲೇ ಬೀಳ್ತಿರೋದು. ಕೆಳಗೆ ನೋಡ್ಬೇಡ, ಆ ದೀಪದ ಕಂಬ ನೋಡು. ಹೊಟ್ಟೆ ಮುಂದೆ ತಳ್ಳು."

ತಳ್ಳಿದೆ. ಓಡುವ ಮನುಷ್ಯನಷ್ಟು ವೇಗ ಬಂದ ತಕ್ಷಣ ಕಾಲ ಕೆಳಗಿನ ನಡುಕ ನಿಂತುಹೋಯಿತು. ಗಾಡಿ ನಿಲ್ಲಿಸುವ ಬಿಳಿ ಗೆರೆಗಳು ಒಂದೊಂದಾಗಿ ಹಿಂದೆ ಹೋದವು, ಏಳು, ಎಂಟು, ಒಂಬತ್ತು. ಟೈರು ಡಾಂಬರಿನ ಮೇಲೆ ಉರುಳುವ ಸಣ್ಣ ಸದ್ದು ಬಿಟ್ಟರೆ ಏನೂ ಕೇಳಿಸುತ್ತಿರಲಿಲ್ಲ. ದೀಪದ ಕಂಬ ದೊಡ್ಡದಾಗುತ್ತಾ ಬಂತು, ನಿಲ್ಲಿಸುವುದು ಗೊತ್ತಿರಲಿಲ್ಲ, ಹಾಗಾಗಿ ಓಡುತ್ತಾ ಕೆಳಗಿಳಿದುಬಿಟ್ಟೆ. ತಿರುಗಿ ನೋಡಿದರೆ 30 ಮೀಟರಿನಷ್ಟು ಬಂದಿದ್ದೆ. ತಮ್ಮ ಏನೂ ಮಾತಾಡದೆ ಚಕ್ರ ಎತ್ತಿ ನಿಲ್ಲಿಸಿದ. ಅವನ ಕಣ್ಣಲ್ಲಿ ನೀರಿತ್ತು, ನನ್ನ ಕಣ್ಣಲ್ಲೂ. ಇವನಿಗೆ ಸೈಕಲ್ ಕಲಿಸಿದವಳು ನಾನು.

ಹೊಸಬರಿಗೆ ಇದೊಂದನ್ನು ಒತ್ತಿ ಹೇಳಬೇಕು. ನಿಧಾನಕ್ಕೆ ಹೋದರೆ ಅಪಾಯ ಕಮ್ಮಿ ಅನ್ನುವ ನಮ್ಮ ಲೆಕ್ಕ ಈ ಚಕ್ರಕ್ಕೆ ಹೊಂದುವುದಿಲ್ಲ. ಬೀಳುವ ಕಡೆಗೇ ಚಕ್ರ ತಿರುಗಿದರೆ ಮೈ ನೆಟ್ಟಗಾಗುತ್ತದೆ, ಸೈಕಲ್ಲಿನ ಗುಟ್ಟೂ ಇದೇ. ಆದರೆ ಚಕ್ರ ಮುಂದೆ ಸಾಗುತ್ತಿದ್ದರೆ ತಾನೇ ತಿರುಗಿದ್ದರ ಪ್ರಯೋಜನ? ಜೊತೆಗೆ ಬುಗುರಿಯ ಗುಣವೂ ಸ್ವಲ್ಪ ಇದೆ, ರಭಸ ಇದ್ದಾಗ ನೆಟ್ಟಗೆ, ಇಳಿದಾಗ ತೂರಾಟ. ಗಂಟೆಗೆ 8ರಿಂದ 12 ಕಿಲೋಮೀಟರಿನ ನಡುವೆ ಕಲಿಯುವುದು ಸುಲಭ. ನಡಿಗೆಯ ವೇಗದಲ್ಲಿ ಜನರ ನಡುವೆ ಹೋಗುವುದು ಕೊನೆಯಲ್ಲಿ ಬರುವ ವಿದ್ಯೆ. ನನಗೆ ಅದು ಈಗಲೂ ಪೂರ್ತಿ ಬಂದಿಲ್ಲ.

ದಿನಕ್ಕೆ 20 ನಿಮಿಷದಂತೆ ಎರಡು ಸಲ, ಅಷ್ಟೇ ಇಟ್ಟುಕೊಂಡಿದ್ದೆ. ಅದಕ್ಕಿಂತ ಹೆಚ್ಚಾದರೆ ಅಂಗಾಲು ಉರಿಯುತ್ತದೆ, ಮೀನಖಂಡ ಗಟ್ಟಿಯಾಗುತ್ತದೆ, ತಪ್ಪುಗಳೇ ರೂಢಿಯಾಗುತ್ತವೆ. ರಾತ್ರಿ ಬಾರದಿದ್ದದ್ದು ಬೆಳಿಗ್ಗೆ ಎದ್ದು ನಿಂತರೆ ಬರುತ್ತಿತ್ತು. ನಿದ್ದೆಯಲ್ಲೇ ಕಾಲುಗಳು ಪಾಠ ಒಪ್ಪಿಸಿಕೊಂಡ ಹಾಗೆ. ಸಲಕರಣೆಯಲ್ಲಿ ಹೆಲ್ಮೆಟ್ ಮತ್ತು ಮಣಿಕಟ್ಟು ಕಾಯುವ ರಿಸ್ಟ್ ಗಾರ್ಡ್ ಬಿಟ್ಟು ಒಂದು ನಿಮಿಷವೂ ಹತ್ತಬಾರದು. ಕಣಕಾಲಿಗೆ ಫುಟ್‌ಬಾಲ್ ಆಡುವವರ ಶಿನ್ ಗಾರ್ಡನ್ನು ಒಳಬದಿಗೆ ತಿರುಗಿಸಿ ಕಟ್ಟಿಕೊಂಡೆ, ಆಮೇಲೆ ನೋವೇ ಇಲ್ಲ. ಚಕ್ರಕ್ಕೂ ಹಳೇ ಬಟ್ಟೆ ಸುತ್ತಿ ಟೇಪ್ ಹಾಕಿದ್ದೆವು.

ಎಡಕ್ಕೆ ತಿರುಗುವುದು ಬೇಗ ಬಂತು, ಬಲಕ್ಕೆ ತಿರುಗಲು ಮೈ ಒಪ್ಪಲಿಲ್ಲ. ಪಾರ್ಕಿಂಗ್ ಜಾಗದಲ್ಲಿ ಎಂಟರ ಆಕಾರದಲ್ಲಿ ಸುತ್ತಿ ಸುತ್ತಿ ಸರಿಯಾಯಿತು. ತಲೆ, ಆಮೇಲೆ ಭುಜ, ಆಮೇಲೆ ಸೊಂಟ ತಿರುಗಬೇಕು, ಚಕ್ರ ಅವುಗಳನ್ನು ಹಿಂಬಾಲಿಸುತ್ತದೆ. ನಿಲ್ಲಿಸಲು ಕುರ್ಚಿಯಲ್ಲಿ ಕೂರುವ ಹಾಗೆ ಹಿಂದಕ್ಕೆ ಕುಳಿತರೆ ಆಯಿತು.

ವೇಗ ಬಂದ ಮೇಲೆ ತಿಳಿದಿರಲೇಬೇಕಾದದ್ದು ಇನ್ನೊಂದಿದೆ. ಮಿತಿ ಹತ್ತಿರವಾದಾಗ ಚಕ್ರ ಬೀಪ್ ಬೀಪ್ ಅನ್ನುತ್ತದೆ, ಪೆಡಲ್‌ಗಳು ತಾವೇ ಹಿಮ್ಮಡಿ ಕಡೆ ಬಾಗಿ ನಮ್ಮನ್ನು ಹಿಂದಕ್ಕೆ ದಬ್ಬುತ್ತವೆ. ಇದಕ್ಕೆ ಟಿಲ್ಟ್‌ಬ್ಯಾಕ್ ಅನ್ನುತ್ತಾರೆ. ಅದರ ವಿರುದ್ಧ ಮುಂದಕ್ಕೆ ವಾಲಿ ಹಟ ಮಾಡಿದರೆ ಮೋಟಾರಿನ ಹತ್ತಿರ ನಮ್ಮನ್ನು ಎತ್ತಿ ಹಿಡಿಯುವಷ್ಟು ಶಕ್ತಿ ಉಳಿದಿರುವುದಿಲ್ಲ, ಮುಖ ಅಡಿಯಾಗಿ ಬೀಳುತ್ತೇವೆ. ಬ್ಯಾಟರಿ ಇಳಿದಂತೆ ಆ ಮಿತಿಯೂ ಇಳಿಯುತ್ತದೆ. ನನ್ನ ತಮ್ಮ ಫೋನಿನ ಆ್ಯಪ್‌ನಲ್ಲಿ ನನಗೆ ಗಂಟೆಗೆ 15 ಕಿಲೋಮೀಟರಿಗೇ ಟಿಲ್ಟ್‌ಬ್ಯಾಕ್ ಹಾಕಿಟ್ಟಿದ್ದ.

ಎರಡನೇ ವಾರದ ಕೊನೆಗೆ ಸೈಕಲ್ ದಾರಿಗೆ ಇಳಿದೆ. ನಾನು ಜೋರಾಗಿ ಬಿದ್ದದ್ದು ಒಂದೇ ಸಲ, ಅದೂ ಟ್ರಾಮ್ ಹಳಿಯಲ್ಲಿ. ಸ್ಟ್ರಾಸ್‌ಬರ್ಗ್ ತುಂಬ ಟ್ರಾಮ್. ಮಳೆ ಬಂದು ನಿಂತಿತ್ತು. ಹಳಿಯನ್ನು ಓರೆಯಾಗಿ ದಾಟಲು ಹೋದೆ. ಟೈರು ಹಳಿಯ ಸಂದಿಗೆ ಸಿಕ್ಕಿ ಒಂದು ಕಡೆ ಹೋಯಿತು, ನಾನು ಇನ್ನೊಂದು ಕಡೆ. ರಿಸ್ಟ್ ಗಾರ್ಡಿನ ಪ್ಲಾಸ್ಟಿಕ್ ಮೇಲೆ ಉಗುರಿನಷ್ಟು ಆಳದ ಗೀರುಗಳಾದವು. ಅದಿಲ್ಲದಿದ್ದರೆ ಆ ಗೀರು ಅಂಗೈಯಲ್ಲಿರುತ್ತಿತ್ತು. ಹಳಿಯನ್ನು ಯಾವಾಗಲೂ ನೇರ ಅಡ್ಡಕ್ಕೆ ದಾಟಬೇಕು, ಮೊಣಕಾಲು ಸಡಿಲ ಬಿಟ್ಟು. ಒದ್ದೆ ಇದ್ದರೆ ಇಳಿದು ದಾಟುವುದು ಒಳ್ಳೆಯದು.

ಆಮೇಲಿನ ದಿನಗಳ ಸುಖ ಬ್ರೂಶ್ ಕಾಲುವೆಯ ದಾರಿ. 1682ರಲ್ಲಿ ಸೇನಾ ಎಂಜಿನಿಯರ್ ವೋಬಾನ್ ಸ್ಟ್ರಾಸ್‌ಬರ್ಗಿನ ಕೋಟೆಗೆ ಮರಳುಗಲ್ಲು ಸಾಗಿಸಲು ಅಗೆಸಿದ ಕಾಲುವೆ ಅದು. ಈಗ ದೋಣಿಯಿಲ್ಲ, ದಂಡೆಯುದ್ದಕ್ಕೂ 20 ಕಿಲೋಮೀಟರಿನಷ್ಟು ಮಟ್ಟಸವಾದ ಸೈಕಲ್ ದಾರಿ, ಎರಡೂ ಕಡೆ ಮರ. ಹ್ಯಾಂಡಲ್ ಹಿಡಿಯುವುದಿಲ್ಲವಾದ್ದರಿಂದ ಎರಡೂ ಕೈ ಬಿಡುವಾಗಿರುತ್ತವೆ, ಕೊಂಬೆಯ ಎಲೆ ಮುಟ್ಟಿಕೊಂಡೇ ಹೋಗುತ್ತಿದ್ದೆ. ನಡೆದರೆ ಎರಡು ಗಂಟೆ ಹಿಡಿಯುವ ಊರುಗಳಿಗೆ ಮುಕ್ಕಾಲು ಗಂಟೆಯಲ್ಲಿ ತಲುಪಿ, ಚಕ್ರವನ್ನು ಕಾಲ ಬಳಿ ಇಟ್ಟುಕೊಂಡು ಬುತ್ತಿಯ ಚಿತ್ರಾನ್ನ ತಿನ್ನುತ್ತಿದ್ದೆ. ಕಾಲು ಜೋಮು ಹಿಡಿಯದ ಹಾಗೆ ಎರಡು ಮೂರು ಕಿಲೋಮೀಟರಿಗೊಮ್ಮೆ ಇಳಿಯಬೇಕು. ಹಾಗೆ ಇಳಿದಲ್ಲೆಲ್ಲ ಯಾರಾದರೂ ಮಾತಾಡಿಸುತ್ತಿದ್ದರು.

ಪ್ರಯಾಣಿಕರಿಗೆ ಒಂದು ಮಾತು. ಈ ಚಕ್ರವನ್ನು ವಿಮಾನದಲ್ಲಿ ತರಲಾಗದು. ಪ್ರಯಾಣಿಕರು 160 ವ್ಯಾಟ್-ಅವರ್ (ಬ್ಯಾಟರಿ ಹಿಡಿಯುವ ಶಕ್ತಿಯ ಅಳತೆ) ಮೀರಿದ ಲಿಥಿಯಂ ಬ್ಯಾಟರಿಯನ್ನು ಕೈಚೀಲದಲ್ಲಿ ಆಗಲಿ, ಚೆಕ್-ಇನ್ ಲಗೇಜಿನಲ್ಲಿ ಆಗಲಿ ಒಯ್ಯುವಂತಿಲ್ಲ. ಇದರದ್ದು 500ಕ್ಕೂ ಮಿಕ್ಕಿ. ನಮ್ಮ ದೇಶದಲ್ಲಿ ನೋಂದಣಿ ಬೇಡದ ಎಲೆಕ್ಟ್ರಿಕ್ ಗಾಡಿಗೆ 250 ವ್ಯಾಟ್, ಗಂಟೆಗೆ 25 ಕಿಲೋಮೀಟರ್ ಮಿತಿ ಇದೆ, ಈ ಮೋಟಾರುಗಳು ಅದನ್ನು ದಾಟುತ್ತವೆ. ಹಾಗಾಗಿ ಇಲ್ಲಿ ಕಲಿಯುವವರು ಕಾಂಪೌಂಡಿನೊಳಗೇ ಕಲಿಯಬೇಕು.

ಹೊರಡುವ ಹಿಂದಿನ ದಿನ ರೈನ್ ನದಿಯ ಮೇಲಿನ ಸೇತುವೆಗೆ ಹೋದೆವು. 2004ರಲ್ಲಿ ಕಟ್ಟಿದ್ದು, ನಡೆಯುವವರಿಗೆ ಒಂದು ಹಾದಿ, ಸೈಕಲ್ಲಿಗೆ ಒಂದು, ನದಿಯ ನಡುವೆ ಎರಡೂ ಸೇರುವಲ್ಲಿ ಅಗಲವಾದ ಜಗಲಿ. ಆ ದಡ ಜರ್ಮನಿಯ ಕೆಹ್ಲ್ ಪಟ್ಟಣ. ಜರ್ಮನಿಯ 2019ರ ನಿಯಮದ ಪ್ರಕಾರ ಇಂಥ ಗಾಡಿಗೆ ಕೈಯಲ್ಲಿ ಹಿಡಿದುಕೊಳ್ಳುವ ಕೋಲು ಇರಲೇಬೇಕು, ಹಾಗಾಗಿ ಒಂಟಿ ಚಕ್ರಕ್ಕೆ ಅಲ್ಲಿ ರಸ್ತೆಯಿಲ್ಲ. ನಡುವೆ ಇಳಿದು, ಸ್ವಿಚ್ ಆರಿಸಿ, ಹಿಡಿಕೆ ಹಿಡಿದು ಚೀಲದ ಹಾಗೆ ಎತ್ತಿಕೊಂಡು ಆ ದಡಕ್ಕೆ ನಡೆದೆವು. 14 ಕಿಲೋ ಎಷ್ಟು ಅಂತ ಅವತ್ತು ತೋಳಿಗೆ ಗೊತ್ತಾಯಿತು.

ವಾಪಸು ಬರುವಾಗ ಜಗಲಿಯಲ್ಲಿ ಮತ್ತೆ ಸ್ವಿಚ್ ಹಾಕಿದೆ. ತಮ್ಮ ಆಗಲೇ ಮುಂದೆ ಹೋಗಿದ್ದ. ಕಂಬಿ ಮುಟ್ಟದೆ ಹತ್ತುವುದು ಆರು ವಾರವಾದರೂ ನನಗೆ ಬಂದಿರಲಿಲ್ಲ. ಕಂಬಿ ಎರಡು ಮಾರು ದೂರದಲ್ಲಿತ್ತು. ಬಲಗಾಲು ಇಟ್ಟೆ, ಕೆಹ್ಲ್ ಬಿಟ್ಟು ಸ್ಟ್ರಾಸ್‌ಬರ್ಗಿನ ಮರಗಳ ಕಡೆ ನೋಡಿದೆ, ಎಡಗಾಲಲ್ಲಿ ಒಂದೇ ಸಲ ನೆಲ ಒದ್ದೆ. ಎಡಗಾಲು ಪೆಡಲ್ ಹುಡುಕಿಕೊಂಡಿತು. ತಮ್ಮ ಕೆಳಗಿನ ತಿರುವಿನಲ್ಲಿ ನಿಂತು ಹಿಂದೆ ನೋಡುವಷ್ಟರಲ್ಲಿ ನಾನು ಇಳಿಜಾರಿನ ಅರ್ಧಕ್ಕೆ ಬಂದಿದ್ದೆ.